ಆಲೂಗಡ್ಡೆ: ಮೂಲ, ಮಹತ್ವ ಮತ್ತು ನಮ್ಮ ಆರೋಗ್ಯ

ಮುಂಬಯಿಯಲ್ಲಿ ನೆಲೆಸಿರುವ ನಮ್ಮೆಲ್ಲರ ಅಡಿಗೆಮನೆಯಲ್ಲಿ ವರ್ಷದ ಎಲ್ಲ ಕಾಲದಲ್ಲಿಯೂ ಕಾಣಸಿಗುವ ತರಕಾರಿಯೆಂದರೆ ಆಲೂಗಡ್ಡೆ. ಹಳೆಯ ಮೈಸೂರಿನವರು ಇದನ್ನು ಉರುಳಗಡ್ಡೆಯೆಂದೂ, ಕರಾವಳಿಯವರು ಬಟಾಟೆಯೆಂದೂ ಕರೆಯುತ್ತಾರೆ. ಹೆಸರು ಯಾವುದಾದರೂ ಇದರ ಮೇಲಿನ ಆರೋಪಗಳು ಒಂದೇ: ವಾಯುಕಾರಕ, ಬೊಜ್ಜು ಬೆಳೆಸುವಂಥದು, ಮಧುಮೇಹಿಗಳಿಗೆ ವರ್ಜ್ಯ. ಈ ಆರೋಪಗಳನ್ನು ಪರಿಶೀಲಿಸಿದರೆ ದೋಷ ಬಹುಮಟ್ಟಿಗೆ ಗಡ್ಡೆಯದಲ್ಲ, ಅದನ್ನು ಬೆಳೆಯುವ, ಇಡುವ ಹಾಗೂ ಬೇಯಿಸುವ ನಮ್ಮ ಕ್ರಮದ್ದು ಎಂಬುದು ಮನವರಿಕೆಯಾಗುತ್ತದೆ.

ಮೂಲ ಮತ್ತು ಸ್ವರೂಪ

ಆಲೂಗಡ್ಡೆಯ ತವರು ದಕ್ಷಿಣ ಅಮೇರಿಕದ ಆಂಡೀಸ್ ಪರ್ವತಶ್ರೇಣಿ. ಪೆರು ಮತ್ತು ಬೊಲಿವಿಯ ದೇಶಗಳ ಗಡಿಯಲ್ಲಿರುವ ಟಿಟಿಕಾಕಾ ಸರೋವರದ ಆಸುಪಾಸಿನ ಜನರು ಸುಮಾರು 8,000 ವರ್ಷಗಳ ಹಿಂದೆಯೇ ಇದನ್ನು ಕೃಷಿಗೆ ಒಳಪಡಿಸಿದರು. ರಾತ್ರಿಯ ಹಿಮದಲ್ಲಿ ಹೆಪ್ಪುಗಟ್ಟಿಸಿ, ಹಗಲಿನಲ್ಲಿ ತುಳಿದು ನೀರು ತೆಗೆದು ಒಣಗಿಸಿ, ವರ್ಷಗಟ್ಟಲೆ ಕಾಪಿಡುವ ವಿದ್ಯೆಯೂ ಅವರಿಗೆ ತಿಳಿದಿತ್ತು. ಬದನೆ, ಟೊಮೇಟೊ, ಮೆಣಸಿನಕಾಯಿ ಮತ್ತು ಹೊಗೆಸೊಪ್ಪು ಇದರ ಬಂಧುಗಳು. ನಾವು ತಿನ್ನುವ ಭಾಗವು ಬೇರಲ್ಲ, ನೆಲದೊಳಗೆ ಉಬ್ಬಿದ ಕಾಂಡ. ಬ್ಯಾಂಕಿನ ಭಾಷೆಯಲ್ಲಿ ಹೇಳುವುದಾದರೆ ಅದು ಸಸ್ಯವು ಮುಂದಿನ ಪೀಳಿಗೆಗಾಗಿ ಇಟ್ಟ ಠೇವಣಿ. ಅದರ ಮೇಲಿನ 'ಕಣ್ಣು'ಗಳೇ ಮೊಳಕೆಯೊಡೆಯುವ ಮೊಗ್ಗುಗಳು.

ಹದಿನಾರನೆಯ ಶತಮಾನದಲ್ಲಿ ಸ್ಪೇನಿನವರು ಇದನ್ನು ಯೂರೋಪಿಗೆ ಒಯ್ದರು. ಭಾರತದ ಪಶ್ಚಿಮ ತೀರಕ್ಕೆ ಇದನ್ನು ತಂದ ಕೀರ್ತಿ ಪೋರ್ತುಗೀಸರಿಗೆ ಸಲ್ಲುತ್ತದೆ. 'ಬಟಾಟಾ' ಎಂಬುದು ಮೂಲತಃ ಕೆರಿಬಿಯನ್ ದ್ವೀಪಗಳಲ್ಲಿ ಸಿಹಿಗೆಣಸಿಗಿದ್ದ ಹೆಸರು. ಅದು ಪೋರ್ತುಗೀಸರ ಮೂಲಕ ನಮ್ಮ ಕರಾವಳಿಗೂ ಮಹಾರಾಷ್ಟ್ರಕ್ಕೂ ಬಂದು ಆಲೂಗಡ್ಡೆಗೇ ನಿಂತುಬಿಟ್ಟಿತು. ಇಂದು ಆಲೂಗಡ್ಡೆಯ ಉತ್ಪಾದನೆಯಲ್ಲಿ ಚೀನದ ನಂತರದ ಸ್ಥಾನ ಭಾರತದ್ದು.

ಐರ್ಲೆಂಡಿನ ಪಾಠ, ಹಾಸನದ ಕಷ್ಟ

ಅಲ್ಪ ಭೂಮಿಯಲ್ಲಿ, ಅಲ್ಪ ಕಾಲದಲ್ಲಿ ಬಹುಜನರಿಗೆ ಅನ್ನ ನೀಡುವುದು ಆಲೂಗಡ್ಡೆಯ ಹಿರಿಮೆ. ಐರ್ಲೆಂಡಿನ ಬಡವರು ಇದನ್ನೇ ನಂಬಿ ಬದುಕಿದ್ದರು. ಅದರಲ್ಲಿಯೂ 'ಲಂಪರ್' ಎಂಬ ಒಂದೇ ತಳಿಯನ್ನು ಹೆಚ್ಚಾಗಿ ಬೆಳೆಯುತ್ತಿದ್ದರು. 1845ರಲ್ಲಿ ಅಂಗಮಾರಿ ರೋಗವು ಆ ಬೆಳೆಗೆ ತಗಲಿತು. ಆಳರಸರ ಔದಾಸೀನ್ಯವೂ ಸೇರಿ, ಮುಂದಿನ ಕೆಲವೇ ವರ್ಷಗಳಲ್ಲಿ ಸುಮಾರು 10 ಲಕ್ಷ ಜನರು ಹಸಿವಿನಿಂದಲೂ ರೋಗಗಳಿಂದಲೂ ಮಡಿದರು. ಅಷ್ಟೇ ಸಂಖ್ಯೆಯ ಜನರು ತಾಯ್ನೆಲವನ್ನು ತೊರೆದರು. ಇದ್ದ ಬಂಡವಾಳವನ್ನೆಲ್ಲ ಒಂದೇ ಕಡೆ ತೊಡಗಿಸಿದವನ ಸ್ಥಿತಿ ಆ ನಾಡಿಗೆ ಒದಗಿತು.

ಅದೇ ರೋಗ ನಮ್ಮ ಹಾಸನ ಜಿಲ್ಲೆಯ ರೈತರನ್ನೂ ಕಾಡಿದೆ. ಉತ್ತರ ಭಾರತದಲ್ಲಿ ಆಲೂಗಡ್ಡೆ ಚಳಿಗಾಲದ ಬೆಳೆ; ಹಾಸನದಲ್ಲಿ ಮುಂಗಾರು ಬೆಳೆ. ಮೋಡ, ತಂಪು, ಎಡೆಬಿಡದ ಜಡಿಮಳೆ ಇವು ಅಂಗಮಾರಿಗೆ ಅನುಕೂಲವಾದ ವಾತಾವರಣ. ರೋಗ ತಗಲಿತೆಂದರೆ ಹಸುರಾಗಿದ್ದ ಹೊಲವು ಕೆಲವೇ ದಿನಗಳಲ್ಲಿ ಕಪ್ಪಾಗಿ ಬಾಡುತ್ತದೆ. ಬಿತ್ತನೆ ಗಡ್ಡೆಯಾದರೋ ದೂರದ ಪಂಜಾಬಿನ ಜಲಂಧರದಿಂದ ಬರಬೇಕು. ಬಿತ್ತನೆಯ ಖರ್ಚೇ ಅಧಿಕವಾದ ಈ ಬೆಳೆಯಲ್ಲಿ ಒಂದು ಮಳೆಗಾಲ ಕೈಕೊಟ್ಟರೆ ರೈತನ ಸಾಲ ಮರುವರ್ಷಕ್ಕೆ ಉಳಿಯುತ್ತದೆ. ಈ ಕಾರಣದಿಂದ ಅನೇಕರು ಮುಸುಕಿನ ಜೋಳ, ಶುಂಠಿಗಳ ಕಡೆಗೆ ತಿರುಗಿದ್ದಾರೆ. ಆಲೂಗಡ್ಡೆಯ ಕ್ಷೇತ್ರ ಗಣನೀಯವಾಗಿ ಕುಗ್ಗಿದೆ.

ಪರಿಹಾರದ ಯತ್ನಗಳೂ ನಡೆದಿವೆ. 1949ರಲ್ಲಿ ಪಾಟ್ನಾದಲ್ಲಿ ಆರಂಭವಾಗಿ, ಅನಂತರ ಸಿಮ್ಲಾಕ್ಕೆ ಸ್ಥಳಾಂತರಗೊಂಡ ಕೇಂದ್ರೀಯ ಆಲೂಗಡ್ಡೆ ಸಂಶೋಧನಾ ಸಂಸ್ಥೆಯು 'ಕುಫ್ರಿ ಜ್ಯೋತಿ'ಯೇ ಮೊದಲಾದ ಅನೇಕ ತಳಿಗಳನ್ನು ನೀಡಿದೆ. ಬಾಗಲಕೋಟೆಯ ತೋಟಗಾರಿಕಾ ವಿಶ್ವವಿದ್ಯಾಲಯವು ಪೆರುವಿನ ಲಿಮಾದಲ್ಲಿರುವ ಅಂತರರಾಷ್ಟ್ರೀಯ ಆಲೂಗಡ್ಡೆ ಕೇಂದ್ರದ ಸಹಯೋಗದಿಂದ, ಗಡ್ಡೆಯ ಬದಲಾಗಿ ಕುಡಿಗಳನ್ನು ಬೇರೂರಿಸಿದ ರೋಗರಹಿತ ಸಸಿಗಳನ್ನು ಹಾಸನದ ರೈತರಿಗೆ ಪರಿಚಯಿಸಿದೆ. ಆರೋಗ್ಯವಂತ ಬೀಜ ನಮ್ಮ ನೆಲದಲ್ಲಿಯೇ ದೊರೆಯುವಂತಾದರೆ ಅದೊಂದು ದೊಡ್ಡ ಉಪಕಾರ.

ಆಹಾರವಾಗಿ ಆಲೂಗಡ್ಡೆ

100 ಗ್ರಾಂ ಹಸಿ ಆಲೂಗಡ್ಡೆಯಲ್ಲಿ ಸುಮಾರು 80 ಗ್ರಾಂ ನೀರು, 17 ಗ್ರಾಂ ಶರ್ಕರಪಿಷ್ಟ, 2 ಗ್ರಾಂ ಪ್ರೋಟೀನು ಇರುತ್ತವೆ. ಕೊಬ್ಬು ಇಲ್ಲವೆನ್ನುವಷ್ಟು ಕಡಿಮೆ. ದೊರೆಯುವ ಶಕ್ತಿ ಸುಮಾರು 77 ಕ್ಯಾಲೊರಿ ಮಾತ್ರ. 'ಸಿ' ಜೀವಸತ್ವವೂ ಪೊಟ್ಯಾಸಿಯಮ್ಮೂ ಹೇರಳವಾಗಿವೆ. ಹೀಗಿರುವಾಗ ಬೊಜ್ಜಿಗೆ ಗಡ್ಡೆಯೊಂದನ್ನೇ ಹೊಣೆ ಮಾಡುವುದು ನ್ಯಾಯವಲ್ಲ. ನಮ್ಮ ನಗರದ ವಡಾಪಾವನ್ನೇ ನೋಡಿರಿ: ಮೈದಾದ ಪಾವು, ಅದರೊಳಗೆ ಆಲೂಗಡ್ಡೆ, ಅದಕ್ಕೆ ಕಡಲೆಹಿಟ್ಟಿನ ಹೊದಿಕೆ, ಮೇಲೆ ಎಣ್ಣೆಯ ಅಭ್ಯಂಜನ! ಉಡುಪಿ ಹೋಟೆಲುಗಳ ಮಸಾಲೆದೋಸೆಯೂ ಪಿಷ್ಟದೊಳಗಿನ ಪಿಷ್ಟವೇ. ಎಂದಾದರೊಮ್ಮೆ ಸವಿಯಲು ಅಡ್ಡಿಯಿಲ್ಲ. ಲೋಕಲ್ ಗಾಡಿ ಹಿಡಿಯುವ ಆತುರದಲ್ಲಿ ನಿತ್ಯದ ಊಟವೇ ಅದಾದರೆ ಅಪಾಯ.

ಆಲೂಗಡ್ಡೆಯ ಪಿಷ್ಟವು ಬೇಗನೆ ರಕ್ತದ ಸಕ್ಕರೆಯನ್ನು ಏರಿಸುತ್ತದೆಂಬುದು ನಿಜ. ಆದುದರಿಂದ ಮಧುಮೇಹಿಗಳು ಅನ್ನ, ಚಪಾತಿಗಳ ಜೊತೆಗೆ ಹೆಚ್ಚುವರಿಯಾಗಿ ಅಲ್ಲದೆ, ಅವುಗಳ ಒಂದು ಭಾಗಕ್ಕೆ ಬದಲಾಗಿ, ಸೊಪ್ಪು ಹಾಗೂ ಬೇಳೆಕಾಳುಗಳೊಂದಿಗೆ ಮಿತವಾಗಿ ಸೇವಿಸಬೇಕು. ಪೊಟ್ಯಾಸಿಯಮ್ಮಿನ ಕಾರಣ ಮೂತ್ರಪಿಂಡದ ರೋಗಿಗಳು ವೈದ್ಯರನ್ನು ಕೇಳಿಯೇ ತಿನ್ನುವುದು ಕ್ಷೇಮ.

ಗೃಹಿಣಿಯರೂ ಮಾರುಕಟ್ಟೆಗೆ ಹೋಗುವ ಗೃಹಸ್ಥರೂ ಗಮನಿಸಬೇಕಾದ ಕೆಲವು ಅಂಶಗಳು:

1. ಬೆಳಕು ತಗಲಿ ಹಸುರಾದ ಗಡ್ಡೆಯಲ್ಲಿಯೂ ಮೊಳಕೆಯಲ್ಲಿಯೂ 'ಸೊಲನೈನ್' ಎಂಬ ವಿಷವಸ್ತು ಹೆಚ್ಚಿರುತ್ತದೆ. ಬೇಯಿಸಿದರೂ ಅದು ನಾಶವಾಗದು. ತುಂಬ ಹಸುರಾದ, ಕಹಿಯಾದ ಗಡ್ಡೆಗಳನ್ನು ಎಸೆಯಿರಿ.

2. ಪ್ಲಾಸ್ಟಿಕ್ ಚೀಲ ಬೇಡ. ಗಾಳಿಯಾಡುವ ಬುಟ್ಟಿಯಲ್ಲಿ, ಕತ್ತಲೆಯ ತಂಪು ಜಾಗದಲ್ಲಿ, ಈರುಳ್ಳಿಯಿಂದ ಬೇರೆಯಾಗಿ ಇಡಿರಿ. ಮುಂಬಯಿಯ ಮಳೆಗಾಲದಲ್ಲಿ ವಾರಕ್ಕೆ ಬೇಕಾದಷ್ಟನ್ನು ಮಾತ್ರ ಕೊಳ್ಳಿರಿ.

3. ಫ್ರಿಜ್ಜಿನಲ್ಲಿಟ್ಟರೆ ಪಿಷ್ಟದ ಒಂದಂಶ ಸಕ್ಕರೆಯಾಗಿ ರುಚಿ ಬದಲಾಗುತ್ತದೆ. ಕರಿದಾಗ ಬೇಗ ಕಪ್ಪಾಗುತ್ತದೆ.

4. ಚೆನ್ನಾಗಿ ತೊಳೆದು ಸಿಪ್ಪೆಸಹಿತ ಬೇಯಿಸಿದರೆ 'ಸಿ' ಜೀವಸತ್ವದ ನಷ್ಟ ಕಡಿಮೆ.

ಆಂಡೀಸಿನಿಂದ ನಮ್ಮ ಅಡಿಗೆಮನೆಯವರೆಗೆ ಬಂದ ಈ ಗಡ್ಡೆ ಬಡವನಿಗೂ ಬಲ್ಲಿದನಿಗೂ ಸಮಾನವಾಗಿ ಒದಗುವ ಆಹಾರ. ಎಣ್ಣೆಯನ್ನು ಮಿತಗೊಳಿಸಿ, ಹಸುರಾದುದನ್ನು ಬೇರ್ಪಡಿಸಿ, ಬೇಯಿಸಿ ತಿಂದರೆ ಅದರಿಂದ ನಮಗೆ ಲಾಭವೇ. ಪಲ್ಯ ಬಡಿಸಿಕೊಳ್ಳುವಾಗ, ಮಳೆಗಾಲದ ಮೋಡಗಳನ್ನು ಅಳುಕಿನಿಂದ ನೋಡುವ ಹಾಸನದ ಬೆಳೆಗಾರನನ್ನೂ ನೆನೆಯೋಣ.