ಗಿಡದ ತೊಗಟೆಯ ಮೇಲಿನ ಕಲ್ಲುಹೂವು

ಚಾಂಗದೇವರ ಜಾತ್ರೆಗೆ ಹೆಸರಾದ ಯಮನೂರಿನ ಸೀಮೆಯು ಎರೆಭೂಮಿಯದು. ಇಲ್ಲಿ ಗಿಡಗಳು ವಿರಳ. ಆದುದರಿಂದ ಬದುವಿನ ಮೇಲಿನ ಒಂದು ಬೇವಿನ ಬೆಲೆಯನ್ನು ಈ ಭಾಗದ ಒಕ್ಕಲಿಗನಿಗೆ ಹೇಳಿಕೊಡಬೇಕಾಗಿಲ್ಲ. ಕಳೆದ ಹಿಂಗಾರಿಯಲ್ಲಿ ಈ ಊರಿನ ಹೊಲಗಳನ್ನು ನೋಡಲು ಹೋದಾಗ ಹಿರಿಯ ಒಕ್ಕಲಿಗರೊಬ್ಬರು ತಮ್ಮ ಹಳೆಯ ಬೇವನ್ನು ತೋರಿಸಿ, "ಸಾಹೇಬ್ರ, ಗಿಡಕ್ಕ ತೊನ್ನು ಹತ್ತೇತಿ ನೋಡ್ರಿ. ಇನ್ನ ಉಳಿಯೂದಿಲ್ಲ, ಕಡಿಸಿಬಿಡ್ತೀನಿ" ಎಂದರು. ಬೊಡ್ಡೆಯ ಮೇಲೆ ಬೂದು ಬಣ್ಣದ ದುಂಡು ಮಚ್ಚೆಗಳಿದ್ದವು. ಒಂದು ಮಗ್ಗುಲಲ್ಲಿ ಕುಡುಗೋಲಿನಿಂದ ಕೆರೆದು ಮಚ್ಚೆಗಳನ್ನು ತೆಗೆದಿದ್ದರು. ಅಲ್ಲಿ ತೊಗಟೆಯೂ ಕಿತ್ತು ಗಾಯವಾಗಿತ್ತು. ಗಿಡಕ್ಕೆ ಆಗಿದ್ದ ಅಪಾಯವು ಆ ಗಾಯವೇ ಹೊರತು ಮಚ್ಚೆಯಲ್ಲ. ಈ ತಪ್ಪು ತಿಳುವಳಿಕೆಯು ಬೇರೆ ಊರುಗಳಲ್ಲಿಯೂ ಇರುವದರಿಂದ ಈ ವಿಷಯವನ್ನು ಇಲ್ಲಿ ವಿವರಿಸುತ್ತೇನೆ.

ಇದು ಏನು?

ಈ ಮಚ್ಚೆಯು ಕಲ್ಲುಹೂವಿನ ಜಾತಿಗೆ ಸೇರಿದ್ದು. ನಮ್ಮ ಹೆಣ್ಣುಮಕ್ಕಳು ಮಸಾಲೆಯಲ್ಲಿ ಹಾಕುವ ದಗಡಫೂಲವು ಇದರ ದೊಡ್ಡ ಬಂಧುವು. ಹೆಸರಿನಲ್ಲಿ ಕಲ್ಲು ಇದ್ದರೂ ಅದು ಬಂಡೆಯ ಮೇಲೆ ಬೆಳೆಯುವಂತೆಯೇ ಗಿಡದ ತೊಗಟೆಯ ಮೇಲೂ ಬೆಳೆಯುವದು. ನಿಜವಾಗಿ ನೋಡಿದರೆ ಇದು ಒಂದು ಜೀವವಲ್ಲ, ಪಾಲುಗಾರಿಕೆಯ ಸಂಸಾರ. ಬೂಷ್ಟಿನ ಎಳೆಗಳು ಮನೆಯನ್ನು ಕಟ್ಟಿ ನೀರನ್ನು ಹಿಡಿದಿಡುವವು. ಒಳಗಿರುವ ಸೂಕ್ಷ್ಮ ಪಾಚಿಯು ಬಿಸಿಲಿನಲ್ಲಿ ಆಹಾರವನ್ನು ಸಿದ್ಧಪಡಿಸುವದು. ಈ ಸಂಗತಿಯನ್ನು ಸ್ವಿಟ್ಜರ್ಲೆಂಡಿನ ಶ್ವೆಂಡೆನರ್ ಎಂಬ ಸಸ್ಯಶಾಸ್ತ್ರಜ್ಞನು 1867ರಲ್ಲಿ ಹೊರಗೆಡಹಿದಾಗ ಅನೇಕ ಪಂಡಿತರು ನಂಬಲಿಲ್ಲ. ಒಕ್ಕಲಿಗನು ಇದನ್ನು ತಾನೇ ಪರೀಕ್ಷಿಸಬಹುದು. ಒಣಗಿದ ಬೂದು ಮಚ್ಚೆಯ ಮೇಲೆ ಬೊಗಸೆ ನೀರು ಚಿಮುಕಿಸಿದರೆ ಸ್ವಲ್ಪ ಹೊತ್ತಿನಲ್ಲಿಯೇ ಅದು ಹಸಿರು ಛಾಯೆಗೆ ತಿರುಗುವದು. ಒಳಗಿನ ಪಾಚಿಯು ಆಗ ಹೊರಗೆ ತೋರುವದು.

ಗಿಡಕ್ಕೆ ಕೇಡು ಉಂಟೋ?

ಇಲ್ಲ. ಬಂದಳಿಕೆಯು ಟೊಂಗೆಯೊಳಗೆ ಬೇರನ್ನು ಇಳಿಸಿ ಗಿಡದ ರಸವನ್ನು ಹೀರುವದು. ಅದನ್ನು ತಪ್ಪದೆ ಕಡಿದು ತೆಗೆಯಬೇಕು. ಕಲ್ಲುಹೂವಿಗಾದರೋ ತೊಗಟೆಯು ಕೇವಲ ಕೂಡುವ ಜಾಗ. ಅದು ಮಳೆ, ಇಬ್ಬನಿ, ಗಾಳಿಗಳಿಂದ ಬದುಕುವದು. ಹಾಗಾದರೆ ಒಣಗುತ್ತಿರುವ ಗಿಡದ ಮೇಲೆ ಅದು ಹೆಚ್ಚಾಗಿ ಕಾಣುವದೇಕೆ? ಬೇರಿನ ರೋಗದಿಂದಲೋ ನೀರಿನ ಕೊರತೆಯಿಂದಲೋ ಎಲೆಗಳು ಉದುರಿದರೆ ಬೊಡ್ಡೆಗೆ ಬಿಸಿಲು ಬೀಳುವದು. ಬೆಳಕು ಸಿಕ್ಕಿದ ಕಲ್ಲುಹೂವು ಹಬ್ಬುವದು. ಗಿಡವು ಸೊರಗಿದ್ದರಿಂದ ಅದು ಬಂದಿತೇ ಹೊರತು ಅದು ಬಂದದ್ದರಿಂದ ಗಿಡವು ಸೊರಗಲಿಲ್ಲ. ಸಂದೇಹವಿದ್ದವರು ಎಳೆಯ ಟೊಂಗೆಯ ತೊಗಟೆಯನ್ನು ಉಗುರಿನಿಂದ ತುಸು ಕೆರೆದು ನೋಡಬೇಕು. ಒಳಗೆ ಹಸಿರು ಇದ್ದರೆ ಟೊಂಗೆಗೆ ಜೀವವಿದೆ.

ವಿರಳವಾಗುವದೇಕೆ?

ಇದರ ಬೆಳವಣಿಗೆ ಬಹಳ ನಿಧಾನ. ಅನೇಕ ಜಾತಿಗಳು ವರುಷಕ್ಕೆ ಕೆಲವೇ ಮಿಲಿಮೀಟರು ಹಬ್ಬುವವು. ಅಂಗೈಯಗಲದ ಕಲ್ಲುಹೂವನ್ನು ಕೀಳಲು ಒಂದು ಗಳಿಗೆ ಸಾಕು. ಅದು ಮರಳಿ ಬರಲು ಹಲವು ವರುಷಗಳು ಬೇಕು. ಇದಕ್ಕೆ ಬೇರಿಲ್ಲ, ಮೇಲುಹೊದಿಕೆಯೂ ಬಿಗಿಯಾದದ್ದಲ್ಲ. ಗಾಳಿಯಲ್ಲಿಯ ವಿಷವು ನೇರವಾಗಿ ಒಳಗೆ ಸೇರುವದು. ಪ್ಯಾರಿಸ್ ನಗರದ ಲಕ್ಸೆಂಬರ್ಗ್ ಉದ್ಯಾನದ ಗಿಡಗಳನ್ನು ನೋಡಿ ನೈಲಾಂಡರ್ ಎಂಬ ಶಾಸ್ತ್ರಜ್ಞನು 1866ರಲ್ಲಿಯೇ ಕಲ್ಲುಹೂವು ಗಾಳಿಯ ಶುದ್ಧಿಯ ಅಳತೆಗೋಲೆಂದು ಹೇಳಿದನು. ಉತ್ತರದ ಶೀತದೇಶಗಳ ಗಿಡಗಳ ಮೇಲೆ ಬೆಳೆಯುವ ಎರಿಯೋಡರ್ಮಾ ಪೆಡಿಸೆಲ್ಲೇಟಮ್ ಎಂಬ ಜಾತಿಯು ಕಾಡು ಕಡಿತಕ್ಕೂ ಕೆಟ್ಟ ಗಾಳಿಗೂ ತುತ್ತಾಗಿ 2003ರಲ್ಲಿ ಅಳಿವಿನಂಚಿನ ಜೀವಿಗಳ ಕೆಂಪುಪಟ್ಟಿಯನ್ನು ಸೇರಿತು.

ನಮ್ಮ ಜಿಲ್ಲೆಯಲ್ಲಿಯೂ ಭೇದವುಂಟು. ಪಶ್ಚಿಮಕ್ಕೆ ಕಲಘಟಗಿಯನ್ನು ದಾಟಿ ಮಲೆನಾಡಿನ ಕಡೆಗೆ ನಡೆದಂತೆ ತೇವವು ಹೆಚ್ಚಿ, ಎಲೆಯಂತೆ ಅಗಲವಾದ, ಗಡ್ಡದಂತೆ ಜೋಲುವ ಜಾತಿಗಳು ದೊರೆಯುವವು. ನವಲಗುಂದದ ಬಯಲಿನ ಒಣ ಹವೆಯಲ್ಲಿ ತೊಗಟೆಗೆ ಅಂಟಿಕೊಂಡ ಸಣ್ಣ ಜಾತಿಗಳೇ ಬಾಳಬಲ್ಲವು. ಹತ್ತು ಹೊಲಗಳಿಗೆ ಒಂದು ಹಳೆಯ ಗಿಡವಿರುವಲ್ಲಿ, ಆ ಗಿಡವು ಹೋದರೆ ಅವುಗಳ ನೆಲೆಯೂ ಹೋದಂತೆಯೇ.

ಒಕ್ಕಲಿಗರು ಮಾಡತಕ್ಕದ್ದು

1. ಮಚ್ಚೆಗಳನ್ನು ಕೆರೆಯಬಾರದು, ಗಾಯದೊಳಗೆ ನಿಜವಾದ ರೋಗವು ಹೊಗುವದು.
2. ಮೈಲುತುತ್ತದ ದ್ರಾವಣವನ್ನು ಇದಕ್ಕಾಗಿ ಸಿಂಪಡಿಸುವದು ಹಣದ ಹಾನಿ.
3. ಗಿಡವು ಸೊರಗಿದ್ದರೆ ಬುಡ, ಬೇರು, ನೀರುಗಳನ್ನು ಪರೀಕ್ಷಿಸಿ ಕಾರಣವನ್ನು ಅಲ್ಲಿ ಹುಡುಕಬೇಕು.
4. ಹತ್ತಿಯ ಕಟ್ಟಿಗೆಯನ್ನು ಗಿಡದ ಬುಡದಲ್ಲಿ ಸುಡಬಾರದು. ಬೆಂಕಿಯು ತೊಗಟೆಗೂ ಹೊಗೆಯು ಕಲ್ಲುಹೂವಿಗೂ ಕೇಡು.
5. ಕಾಡಿಗೆ ಹೋದವರು ಮಸಾಲೆಗೆಂದು ಒಂದೇ ಗಿಡವನ್ನು ಬೋಳಿಸಬಾರದು.

ಯಮನೂರಿನ ಆ ಬೇವಿನ ಬೊಡ್ಡೆಗೆ ನೀರು ಚಿಮುಕಿಸಿ ತೋರಿಸಿದೆನು. ಟೊಂಗೆಯನ್ನು ಉಗುರಿನಿಂದ ಕೆರೆದು ಒಳಗಿನ ಹಸಿರನ್ನೂ ತೋರಿಸಿದೆನು. ಹಿರಿಯರು ಸ್ವಲ್ಪ ಹೊತ್ತು ನೋಡಿ, ಕೊಡಲಿಯವನಿಗೆ ಹೇಳಿಕಳಿಸಿದ್ದ ಮಾತನ್ನು ಹಿಂದೆಗೆದುಕೊಂಡರು. ಗಿಡವು ಇಂದಿಗೂ ಬದುವಿನ ಮೇಲಿದೆ.