ಮುದಿ ನಾಯಿಗೆ ಕ್ಯಾನ್ಸರ್: ಚಿಕಿತ್ಸೆ ಕೊಡಿಸಬೇಕೇ?

ಹತ್ತು ವರ್ಷ ದಾಟಿದ ನಾಯಿಗೆ ಕ್ಯಾನ್ಸರ್ ಎಂದಾಕ್ಷಣ ‘ವಯಸ್ಸಾಯಿತಲ್ಲ, ಬಿಟ್ಟುಬಿಡಿ’ ಎನ್ನುವವರೇ ಹೆಚ್ಚು. ವಯಸ್ಸೊಂದನ್ನೇ ನೋಡಿ ತೀರ್ಮಾನಿಸಬೇಡಿ.

ಮೊದಲು ಗಂಟು ಯಾವುದೆಂದು ಗೊತ್ತಾಗಬೇಕು. ಸಣ್ಣ ಸೂಜಿ ಚುಚ್ಚಿ ಜೀವಕೋಶ ತೆಗೆದು ನೋಡುವ ಪರೀಕ್ಷೆಗೆ ಸಾಮಾನ್ಯವಾಗಿ ಅರಿವಳಿಕೆ ಬೇಕಿಲ್ಲ. ಅದು ಸಾಲದಿದ್ದರೆ ಬಯಾಪ್ಸಿ. ಎಷ್ಟು ಹರಡಿದೆ ಎಂದು ತಿಳಿಯಲು ರಕ್ತಪರೀಕ್ಷೆ, ಎದೆಯ ಎಕ್ಸ್‌ರೇ, ಹೊಟ್ಟೆಯ ಸ್ಕ್ಯಾನಿಂಗ್ ಮಾಡಿಸಿ. ದವಡೆಯ ಕೆಳಗೆ, ಮೊಣಕಾಲ ಹಿಂದೆ ಗ್ರಂಥಿಗಳು ಊದಿದ್ದರೆ ಲಿಂಫೋಮಾ (ದುಗ್ಧಗ್ರಂಥಿಗಳ ಕ್ಯಾನ್ಸರ್) ಇರಬಹುದು. ಆಗ ಪರೀಕ್ಷೆ ಮುಗಿಯುವ ಮುನ್ನ ಸ್ಟಿರಾಯ್ಡ್ ಶುರು ಮಾಡಬಾರದು. ಊತ ಇಳಿದು ರೋಗ ಪತ್ತೆ ಕಷ್ಟವಾಗುತ್ತದೆ, ಮುಂದೆ ಕಿಮೋ ನಾಟದೆಯೂ ಹೋಗಬಹುದು.

ರೋಗ ಯಾವುದೆಂಬುದರ ಮೇಲೆ ಲೆಕ್ಕಾಚಾರವೇ ಬದಲಾಗುತ್ತದೆ. ಹೆಣ್ಣುನಾಯಿಯ ಮೊಲೆಯ ಗಂಟುಗಳಲ್ಲಿ ಸುಮಾರು ಅರ್ಧದಷ್ಟು ಅಪಾಯಕಾರಿಯಲ್ಲ. ಚಿಕ್ಕದಿದ್ದಾಗಲೇ ತೆಗೆಸಿದರೆ ಆಪರೇಷನ್ನೇ ಸಾಕಾಗಬಹುದು. ನಾಯಿಯಿಂದ ನಾಯಿಗೆ ಹರಡುವ ಜನನಾಂಗದ ಗಡ್ಡೆ ವಾರಕ್ಕೊಂದು ವಿನ್‌ಕ್ರಿಸ್ಟೀನ್ ಇಂಜೆಕ್ಷನ್‌ಗೆ ಬಹುತೇಕ ವಾಸಿಯಾಗುತ್ತದೆ. ಲಿಂಫೋಮಾಕ್ಕೆ ಹಲವು ಔಷಧಗಳ ಕಿಮೋ ಕೊಟ್ಟರೆ ಅನೇಕ ನಾಯಿಗಳು ವರ್ಷದ ಆಸುಪಾಸು ಬದುಕುತ್ತವೆ, ಬರೀ ಸ್ಟಿರಾಯ್ಡ್ ಆದರೆ ಒಂದೆರಡು ತಿಂಗಳು. ಗುಲ್ಮದ ಹಿಮಾಂಜಿಯೋಸಾರ್ಕೋಮಾ ಎಂಬ ರಕ್ತನಾಳದ ಕ್ಯಾನ್ಸರ್‌ನಲ್ಲಿ ಆಪರೇಷನ್, ಕಿಮೋ ಎರಡೂ ಆದ ಮೇಲೂ ಆರು ತಿಂಗಳು ಸಿಕ್ಕರೆ ಹೆಚ್ಚು. ಇಂಥದ್ದಕ್ಕೆ ಚಿಕಿತ್ಸೆ ಬೇಡವೆಂದರೆ ಅದು ನಿರ್ದಯವಲ್ಲ.

ಮನುಷ್ಯರ ಕಿಮೋ ನೆನೆದು ಹೆದರಬೇಡಿ. ನಾಯಿಗಳಿಗೆ ಡೋಸ್ ಕಡಿಮೆ. ಪೂಡಲ್‌ನಂಥ ತಳಿಗಳನ್ನು ಬಿಟ್ಟರೆ ಕೂದಲು ಅಷ್ಟಾಗಿ ಉದುರುವುದಿಲ್ಲ. ಕೆಲವಕ್ಕೆ ಒಂದೆರಡು ದಿನ ವಾಂತಿ, ಭೇದಿ ಆಗುತ್ತದೆ. ಜ್ವರ ಬಂದರೆ ಮಾತ್ರ ಕೂಡಲೇ ಆಸ್ಪತ್ರೆಗೆ ಒಯ್ಯಿರಿ. ಔಷಧ ಕೊಟ್ಟ ಬಳಿಕ ಮೂರು ದಿನ ಮಲಮೂತ್ರವನ್ನು ಗ್ಲೌಸ್ ಹಾಕಿಕೊಂಡೇ ತೆಗೆಯಬೇಕು, ಗರ್ಭಿಣಿಯರು ಮುಟ್ಟಬಾರದು.

ಚಿಕಿತ್ಸೆ ಕೊಟ್ಟರೆ ಎಷ್ಟು ದಿನ, ಕೊಡದಿದ್ದರೆ ಎಷ್ಟು ದಿನ ಎಂದು ಡಾಕ್ಟರನ್ನು ನೇರವಾಗಿಯೇ ಕೇಳಿ. ಒಟ್ಟು ಖರ್ಚನ್ನು ಮೊದಲೇ ಬರೆಸಿಕೊಳ್ಳಿ. ಅರ್ಧಕ್ಕೆ ನಿಲ್ಲಿಸುವ ಕಿಮೋದಿಂದ ಹೆಚ್ಚು ಉಪಯೋಗವಿಲ್ಲ. ಇನ್ನೊಬ್ಬರ ಅಭಿಪ್ರಾಯ ಬೇಕೆನಿಸಿದರೆ ಬೆಂಗಳೂರಿನ ಹೆಬ್ಬಾಳದಲ್ಲಿ ಪಶುವೈದ್ಯಕೀಯ ಕಾಲೇಜಿನ ಆಸ್ಪತ್ರೆಯಿದೆ.

ಚಿಕಿತ್ಸೆ ಬೇಡವೆಂದು ನಿರ್ಧರಿಸಿದರೂ ನೋವಿಗೆ ಔಷಧ ಬೇಕೇಬೇಕು. ಮನೆಯಲ್ಲಿರುವ ಐಬುಪ್ರೊಫೇನ್, ಪ್ಯಾರಸಿಟಮಾಲ್ ಮಾತ್ರ ಕೊಡಬೇಡಿ, ಅವು ನಾಯಿಗೆ ವಿಷವಾಗಬಹುದು. ತಿಂದಿತೇ, ತಾನಾಗಿ ಎದ್ದಿತೇ ಎಂದು ದಿನವೂ ಕ್ಯಾಲೆಂಡರಿನಲ್ಲಿ ಗುರುತು ಹಾಕುತ್ತಾ ಬನ್ನಿ. ಒಳ್ಳೆಯ ದಿನಗಳಿಗಿಂತ ಕೆಟ್ಟ ದಿನಗಳೇ ಹೆಚ್ಚಾದಾಗ ದಯಾಮರಣದ ಮಾತನ್ನು ನೀವೇ ಡಾಕ್ಟರ ಬಳಿ ಎತ್ತಿ. ಉಸಿರಿಗಾಗಿ ಒದ್ದಾಡುವವರೆಗೆ ನಾಯಿಯನ್ನು ಕಾಯಿಸಬೇಡಿ.