ಉದ್ದಿಮೆ ಪರವಾನಗಿ ನವೀಕರಣ: ನೆರೆಹೊರೆಯವರ ತಕರಾರಿಗೆ ಉತ್ತರಿಸುವ ಬಗೆ

ಉದ್ದಿಮೆ ಪರವಾನಗಿಯ ಅವಧಿ ನಮ್ಮ ನಗರಗಳಲ್ಲಿ ಸಾಮಾನ್ಯವಾಗಿ ಮಾರ್ಚ್ 31ಕ್ಕೆ ಮುಗಿಯುತ್ತದೆ. ಶುಲ್ಕ ಕಟ್ಟಿ ರಸೀದಿ ಪಡೆದೊಡನೆ ನವೀಕರಣವಾಯಿತೆಂದು ಭಾವಿಸುವ ವರ್ತಕರು ಬಹಳ. ರಸೀದಿಯು ಹಣ ಸಂದಾಯವಾದುದಕ್ಕೆ ಸಾಕ್ಷಿಯೇ ಹೊರತು ಪರವಾನಗಿಯಲ್ಲ. ಬೀದಿಯ ನಿವಾಸಿಗಳು ಸಹಿ ಹಾಕಿದ ಆಕ್ಷೇಪಣೆಯೊಂದು ಆರೋಗ್ಯಾಧಿಕಾರಿಗಳ ಮೇಜಿಗೆ ಬಂದಾಗಲೇ ಈ ವ್ಯತ್ಯಾಸವು ಅರಿವಿಗೆ ಬರುವುದು.

ಇಂತಹ ಸಂದರ್ಭದಲ್ಲಿ 'ಇಪ್ಪತ್ತು ವರ್ಷಗಳಿಂದ ಇಲ್ಲಿಯೇ ಇದ್ದೇವೆ, ಇದೆಲ್ಲ ದ್ವೇಷದಿಂದ ಮಾಡಿದ್ದು' ಎಂಬ ಉತ್ತರವೇ ಹೆಚ್ಚಾಗಿ ಕಂಡುಬರುತ್ತದೆ. ದ್ವೇಷವಿದ್ದರೂ ಇರಬಹುದು. ಆದರೆ ಅಧಿಕಾರಿಯು ಪರಿಶೀಲಿಸುವುದು ದೂರುದಾರನ ಮನಸ್ಸನ್ನಲ್ಲ, ದೂರಿನಲ್ಲಿ ಹೇಳಿರುವ ಹೊಗೆ, ಧೂಳು, ಸದ್ದು, ಕಸ, ವಾಹನಗಳನ್ನು.

ವಸತಿ ಬೀದಿಯಲ್ಲಿ ಮೆಣಸಿನಪುಡಿ ಗಿರಣಿಯೊಂದಿದೆ ಎಂದಿಟ್ಟುಕೊಳ್ಳೋಣ. ಘಾಟಿನಿಂದ ಮಕ್ಕಳಿಗೆ ಕೆಮ್ಮು, ರಾತ್ರಿ ಯಂತ್ರದ ಸದ್ದು, ಬಾಗಿಲಲ್ಲಿ ಲಾರಿ ಎಂಬ ಮೂರು ದೂರುಗಳಿವೆ. ಮೂರಕ್ಕೂ ಬೇರೆ ಬೇರೆ ಉತ್ತರ ಬೇಕು. ಘಾಟಿಗೆ ಧೂಳು ಹೀರುವ ವ್ಯವಸ್ಥೆಯ ಬಿಲ್ಲು ಮತ್ತು ಛಾಯಾಚಿತ್ರ; ಲಾರಿಗೆ ಸರಕು ಇಳಿಸುವ ಸಮಯದ ಲಿಖಿತ ಒಪ್ಪಿಗೆ; ಸದ್ದಿಗೆ ಅಳತೆ. 2000ದ ಶಬ್ದಮಾಲಿನ್ಯ ನಿಯಮಗಳ ಪ್ರಕಾರ ವಸತಿ ಪ್ರದೇಶದ ಮಿತಿ ಹಗಲಿನಲ್ಲಿ 55 ಡೆಸಿಬೆಲ್, ರಾತ್ರಿ 10ರಿಂದ ಬೆಳಗಿನ 6ರವರೆಗೆ 45 ಡೆಸಿಬೆಲ್. ವಾಣಿಜ್ಯ ಪ್ರದೇಶಕ್ಕೆ ಇದು 65 ಮತ್ತು 55. ಅಳತೆಯ ವರದಿಯಿಲ್ಲದೆ 'ಸದ್ದೇ ಇಲ್ಲ' ಎಂದು ಬರೆದುಕೊಡುವುದರಿಂದ ಪ್ರಯೋಜನವಿಲ್ಲ. ರಾತ್ರಿಯ ಮಿತಿಯೊಳಗೆ ಗಿರಣಿ ನಡೆಸುವುದು ಕಷ್ಟವೇ ಸರಿ. ರಾತ್ರಿ ಪಾಳಿಯನ್ನು ನಿಲ್ಲಿಸಿದ್ದೇವೆಂದು ತಿಳಿಸುವುದೇ ಲೇಸು.

ಈ ವಿಷಯದಲ್ಲಿ ಗೋವಿಂದ ಸಿಂಗ್ ವಿರುದ್ಧ ಶಾಂತಿ ಸರೂಪ್ ಎಂಬ, 1979ರ ಕಾನೂನು ವರದಿಗಳಲ್ಲಿ ಪ್ರಕಟವಾದ ಸರ್ವೋಚ್ಚ ನ್ಯಾಯಾಲಯದ ತೀರ್ಪನ್ನು ವ್ಯಾಪಾರಸ್ಥರು ತಿಳಿದಿರಬೇಕು. ಬೇಕರಿಯೊಂದರ ಒಲೆ ಮತ್ತು ಹೊಗೆಕೊಳವೆಯಿಂದ ಸಾರ್ವಜನಿಕರಿಗೆ ತೊಂದರೆಯೆಂಬ ದೂರು ಅದು. ಸ್ಥಳವನ್ನು ಕಣ್ಣಾರೆ ಕಂಡ ಮ್ಯಾಜಿಸ್ಟ್ರೇಟರ ಅಭಿಪ್ರಾಯವನ್ನು ನ್ಯಾಯಾಲಯವು ಒಪ್ಪಿತು. ಒಲೆ, ಕೊಳವೆಗಳನ್ನು ಒಂದು ತಿಂಗಳೊಳಗೆ ಕೆಡವಬೇಕೆಂದಿತು. ಆದರೆ ಆ ಸ್ಥಳದಲ್ಲಿ ಬೇಕರಿಯ ವ್ಯಾಪಾರವನ್ನೇ ನಿಲ್ಲಿಸಬೇಕೆಂಬ ಭಾಗವು ಅಗತ್ಯವನ್ನು ಮೀರಿದ್ದೆಂದು ತೆಗೆದುಹಾಕಿತು. ತೊಂದರೆ ಬೇರೆ, ವ್ಯಾಪಾರ ಬೇರೆ. ತೊಂದರೆಯನ್ನು ತಾನಾಗಿಯೇ ನಿವಾರಿಸಿದವನು ವ್ಯಾಪಾರವನ್ನು ಉಳಿಸಿಕೊಳ್ಳಲು ಈ ವಾದವನ್ನು ಮುಂದಿಡಬಹುದು.

ಈ ವಾದವು ನಡೆಯದ ಆಕ್ಷೇಪಣೆಯೂ ಒಂದುಂಟು. ಅದು ಭೂ ಉಪಯೋಗದ ಪ್ರಶ್ನೆ. ಮಹಾಯೋಜನೆಯಲ್ಲಿ ವಸತಿಗೆಂದು ಗುರುತಿಸಿದ, ವ್ಯಾಪಾರಕ್ಕೆ ಅವಕಾಶವಿಲ್ಲದ ನಿವೇಶನದಲ್ಲಿ ಎಷ್ಟೇ ಶುಚಿಯಾಗಿ ನಡೆಸಿದರೂ ಉದ್ದಿಮೆಯ ಬುಡ ಭದ್ರವಲ್ಲ. 2006ರ ಫೆಬ್ರವರಿಯಲ್ಲಿ ಎಂ.ಸಿ. ಮೆಹ್ತಾ ಪ್ರಕರಣದ ತೀರ್ಪು ಹೊರಬಿದ್ದ ಮೇಲೆ ದೆಹಲಿಯ ವಸತಿ ಪ್ರದೇಶಗಳಲ್ಲಿ ಅಂಗಡಿಗಳಿಗೆ ಬೀಗಮುದ್ರೆ ಬಿದ್ದುದು ಹಲವರಿಗೆ ನೆನಪಿರಬಹುದು. ಅಂಥವರು ನೋಟೀಸು ಬರುವ ಮೊದಲೇ ನಗರ ಯೋಜನಾ ಕಚೇರಿಯಿಂದ ವಲಯ ದೃಢೀಕರಣ ಪಡೆದು, ಸ್ಥಳಾಂತರದ ಲೆಕ್ಕವನ್ನು ಹಾಕಿಕೊಳ್ಳುವುದು ವಿವೇಕ.

ನೋಟೀಸು ಬಂದ ದಿನವೇ ಸ್ವೀಕರಿಸಿದ ದಿನಾಂಕವನ್ನು ಬರೆದಿಡಬೇಕು. ಆಕ್ಷೇಪಣೆಯ ಪ್ರತಿಯನ್ನು ಲಿಖಿತವಾಗಿ ಕೇಳಬೇಕು; ಪ್ರತಿಯನ್ನೇ ಕೊಡದೆ ಉತ್ತರ ಕೇಳುವುದು ಸಹಜ ನ್ಯಾಯಕ್ಕೆ ವಿರುದ್ಧ. ಮಾಹಿತಿ ಹಕ್ಕಿನ ಅರ್ಜಿಗೆ 30 ದಿನಗಳ ಕಾಲಾವಕಾಶವಿರುವುದರಿಂದ ಅದನ್ನೇ ನೆಚ್ಚಿ ಕೂರಬಾರದು. ಸ್ಥಳ ತನಿಖೆಗೆ ಮಾಲೀಕನೇ ಹಾಜರಿದ್ದು ಮಹಜರನ್ನು ಓದಿ ಸಹಿ ಮಾಡಬೇಕು. ಗುಮಾಸ್ತನನ್ನು ನಿಲ್ಲಿಸಿ ಊರಿಗೆ ಹೋದವರು ಆಮೇಲೆ ಪಶ್ಚಾತ್ತಾಪಪಟ್ಟಿದ್ದುಂಟು. ನವೀಕರಣವನ್ನು ನಿರಾಕರಿಸಿದರೆ ಕಾರಣಸಹಿತ ಲಿಖಿತ ಆದೇಶವನ್ನು ಕೇಳಿ ಪಡೆಯಬೇಕು. ಮೇಲ್ಮನವಿಗೆ ಅದೇ ಆಧಾರ.

ಲೆಕ್ಕಪತ್ರದ ದೃಷ್ಟಿಯಿಂದ ಒಂದು ಮಾತು. ಪರವಾನಗಿಯಿಲ್ಲದೆ ನಡೆಸಿ ತೆತ್ತ ದಂಡವನ್ನು ಆದಾಯ ತೆರಿಗೆಯಲ್ಲಿ ವ್ಯವಹಾರದ ವೆಚ್ಚವೆಂದು ಕಳೆಯಲು ಬರುವುದಿಲ್ಲ. ಧೂಳು ಹೀರುವ ಯಂತ್ರಕ್ಕೆ ಹಾಕಿದ ಹಣವಾದರೋ ಬಂಡವಾಳ ವೆಚ್ಚ. ಅದರ ಮೇಲೆ ವರ್ಷವರ್ಷವೂ ಸವಕಳಿ ದೊರೆಯುತ್ತದೆ.